ಕಂಬದ ಮೇಲೆ ಉಳಿದ ಕೈ

ಮೊದಲ ದಿನ: ರವೆನ್ನಾ

ಬೆಳಿಗ್ಗೆ ಆರೂವರೆಗೆ ಬೊಲೋನ್ಯಾ ಬಿಟ್ಟೆವು. ವ್ಯಾನಿನಲ್ಲಿ ನಾಲ್ಕು ಜನ. ನಿರ್ದೇಶಕಿ ಇಟಲಿಯ ಈಶಾನ್ಯ ಮೂಲೆಯ ಫ್ರಿಯುಲಿಯವರು. ಕ್ಯಾಮೆರಾದವರು ಬೊಲೋನ್ಯಾದವರೇ. ಮೂರನೆಯವರು ಮಧ್ಯಯುಗದ ಮೊದಲ ಶತಮಾನಗಳ ಬಗ್ಗೆ ಸಂಶೋಧನೆ ಮಾಡುತ್ತಿರುವವರು. ಶಬ್ದದ ಕೆಲಸ ನನ್ನದು. ನನ್ನ ಊರು ಶಿವಮೊಗ್ಗ. ಸೌಂಡ್ ಕಲಿಯೋಕೆ ಅಂತ ಬಂದವನು ಇಲ್ಲೇ ಕೆಲಸ ಹಿಡಿದೆ.

ಸಾಕ್ಷ್ಯಚಿತ್ರದ ವಿಷಯ ಗೋಥರು ಮತ್ತು ಲೊಂಬಾರ್ಡರು. ಪಶ್ಚಿಮ ರೋಮ್ ಸಾಮ್ರಾಜ್ಯ ಬಿದ್ದ ಮೇಲೆ ಇಟಲಿಯನ್ನು ಆಳಿದ ಎರಡು ಜರ್ಮಾನಿಕ್ ಜನಾಂಗಗಳು. 489ರಲ್ಲಿ ಥಿಯೊಡೋರಿಕ್ ತನ್ನ ಗೋಥ್ ಜನರನ್ನು ಕಟ್ಟಿಕೊಂಡು ಆಲ್ಪ್ಸ್ ಕಡೆಯಿಂದ ಇಳಿದು ಬಂದ. 493ರಲ್ಲಿ ರವೆನ್ನಾ ಅವನ ಕೈಸೇರಿತು. ಅವನ ಜನರ ಆಳ್ವಿಕೆ ಮುಗಿದ ಸ್ವಲ್ಪ ವರ್ಷಕ್ಕೆ, 568ರಲ್ಲಿ, ಇನ್ನೊಂದು ಜನ ಬಂದರು. ಅವರೇ ಲೊಂಬಾರ್ಡರು. 774ರಲ್ಲಿ ಫ್ರಾಂಕರ ದೊರೆ ಶಾರ್ಲಮೇನ್ ಅವರ ರಾಜಧಾನಿ ಪಾವಿಯಾವನ್ನು ಗೆದ್ದ. ಇಷ್ಟನ್ನು ಏಳು ದಿನದಲ್ಲಿ, ಇರುವ ಕಲ್ಲು ಬಣ್ಣಗಳಿಂದಲೇ ಹಿಡಿಯಬೇಕು.

ಹಿಂದಿನ ರಾತ್ರಿ ಅಮ್ಮ ಫೋನಿನಲ್ಲಿ ಕೇಳಿದ್ದರು, "ಅಲ್ಲಪ್ಪಾ, ಅವರು ಸತ್ತು ಸಾವಿರದ ಮುನ್ನೂರು ವರ್ಷ ಆಯ್ತು ಅಂತೀಯ. ಅವರದ್ದು ಏನು ಶಬ್ದ ಹಿಡೀತೀಯ ನೀನು?" ನನಗೆ ಉತ್ತರ ಹೊಳೆಯಲಿಲ್ಲ. ದಾರಿಯುದ್ದಕ್ಕೂ ಅದೇ ಪ್ರಶ್ನೆ ತಲೆಯಲ್ಲಿತ್ತು.

ಮೊದಲು ಹೋಗಿದ್ದು ಥಿಯೊಡೋರಿಕ್‌ನ ಸಮಾಧಿಗೆ. ಹತ್ತು ಮೂಲೆಯ ಎರಡು ಅಂತಸ್ತಿನ ಕಟ್ಟಡ. ಕಲ್ಲು ಎಲ್ಲಾ ಆಡ್ರಿಯಾಟಿಕ್ ಸಮುದ್ರದ ಆಚೆಯ ಇಸ್ಟ್ರಿಯಾದ್ದು. ಸುತ್ತಲ ರವೆನ್ನಾ ಇಟ್ಟಿಗೆಯ ಊರು. ಈ ಒಂದು ಕಟ್ಟಡ ಮಾತ್ರ ಬಿಳಿ ಕಲ್ಲಿನದು. ತಲೆ ಎತ್ತಿ ನೋಡಿದರೆ ಚಾವಣಿ ಒಂದೇ ಬಂಡೆ. ಅಗಲ ಹತ್ತು ಮೀಟರಿಗಿಂತ ಜಾಸ್ತಿ. ತೂಕ 230 ಟನ್ ಅನ್ನುವವರಿದ್ದಾರೆ, 300 ಅನ್ನುವವರೂ ಇದ್ದಾರೆ. ಬಂಡೆಯ ಅಂಚಿನಲ್ಲಿ ಹನ್ನೆರಡು ಹಿಡಿಗಳಿವೆ. ಅವುಗಳ ಮೇಲೆ ಯೇಸುವಿನ ಶಿಷ್ಯರ, ಸುವಾರ್ತೆ ಬರೆದವರ ಹೆಸರು ಕೆತ್ತಿದ್ದಾರೆ. ಕಲ್ಲನ್ನು ಎತ್ತಿ ಕೂರಿಸುವಾಗ ಆ ಹಿಡಿಗಳು ಏನು ಕೆಲಸಕ್ಕೆ ಬಂದವು ಅಂತ ವಿದ್ವಾಂಸರು ಇವತ್ತಿಗೂ ವಾದ ಮಾಡುತ್ತಾರೆ. ಚಾವಣಿಯಲ್ಲಿ ಒಂದು ದೊಡ್ಡ ಬಿರುಕಿದೆ. ಸಿಡಿಲು ಬಡಿದು ಸಾಯುತ್ತೀಯ ಅಂತ ಯಾರೋ ಕಣಿ ಹೇಳಿದರಂತೆ. ಅದಕ್ಕೇ ದೊರೆ ಒಂದೇ ಬಂಡೆಯ ಸೂರು ಹಾಕಿಸಿದನಂತೆ, ಸಿಡಿಲು ಅದನ್ನೂ ಸೀಳಿ ಬಂತಂತೆ. ಊರವರು ಹೇಳುವ ಕತೆ. ಅವನು ಸತ್ತಿದ್ದು 526ರಲ್ಲಿ.

ಚಾವಣಿಯ ಕೆಳಗೆ ಸುತ್ತಲೂ ಒಂದು ಪಟ್ಟಿ ಇದೆ. ಇಕ್ಕಳದ ಬಾಯಿಯ ಹಾಗೆ ಕಾಣುವ ಚಿತ್ತಾರ, ಒಂದರ ಪಕ್ಕ ಒಂದು. ಸಂಶೋಧಕಿ ಅದನ್ನು ತೋರಿಸಿ ಹೇಳಿದರು, "ಇದು ಅಕ್ಕಸಾಲಿಗರ ಕೈಯಿಂದ ಬಂದದ್ದು. ಗೋಥರ ಚಿನ್ನದ ಒಡವೆಗಳ ಮೇಲೆ ಇಂಥ ಚಿತ್ತಾರ ಇರುತ್ತಿತ್ತು." ಉಳಿದ ಕಟ್ಟಡವೆಲ್ಲ ರೋಮನ್ ರೀತಿಯದು. ಅಷ್ಟು ದೊಡ್ಡ ಕಲ್ಲಿನ ಮೈಯಲ್ಲಿ ಆ ಜನರ ಸ್ವಂತದ ಗುರುತು ಈ ಒಂದು ಪಟ್ಟಿ.

ಮೇಲಿನ ಅಂತಸ್ತಿನಲ್ಲಿ ಕೆಂಪು ನೇರಳೆ ಬಣ್ಣದ ಪೋರ್ಫಿರಿ ಕಲ್ಲಿನ ತೊಟ್ಟಿ ಮಾತ್ರ ಇದೆ. ಒಳಗೆ ಯಾರೂ ಇಲ್ಲ. ನಾನು ಮೈಕ್ ನಿಲ್ಲಿಸಿ ಹೆಡ್‌ಫೋನ್ ಹಾಕಿಕೊಂಡೆ. ಯಾವ ಜಾಗಕ್ಕೆ ಹೋದರೂ ಒಂದು ನಿಮಿಷ ಯಾರೂ ಮಾತಾಡದೆ ಆ ಜಾಗದ ಮೌನ ಹಿಡಿಯಬೇಕು. ರೂಮ್ ಟೋನ್ ಅನ್ನುತ್ತೇವೆ. ಎಡಿಟಿಂಗ್‌ನಲ್ಲಿ ಮಾತಿನ ನಡುವಿನ ಖಾಲಿ ತುಂಬಲು ಅದೇ ಬೇಕು. ಹತ್ತಿರದಲ್ಲೇ ರೈಲು ಹಳಿ ಇದೆ. ಮೂರು ಸಲ ಶುರು ಮಾಡಿದೆ, ಮೂರು ಸಲವೂ ರೈಲು. ನಾಲ್ಕನೆಯ ಸಲ ಬಂಡೆ ಒಮ್ಮೆ ಸುಮ್ಮನಾಯಿತು. ಕಿವಿಗೆ ಬಂದದ್ದು ತುಂಬಾ ಕೆಳಗಿನ, ದುಂಡನೆಯ ಒಂದು ಗುಂಯ್. ಆ ಒಂದು ನಿಮಿಷವನ್ನು ಎರಡು ಕಡೆ ಕಾಪಿ ಮಾಡಿಟ್ಟುಕೊಂಡೆ.

ಎರಡನೆಯ ದಿನ: ರವೆನ್ನಾ

ಈ ಪ್ರವಾಸದಲ್ಲಿ ಒಂದೇ ಒಂದು ಗೋಡೆ ನೋಡಿ ವಾಪಸ್ ಹೋಗು ಅಂದಿದ್ದರೆ ನಾನು ಇವತ್ತಿನ ಗೋಡೆಯನ್ನೇ ಆರಿಸುತ್ತಿದ್ದೆ.

ಸಾಂತಪೊಲ್ಲಿನಾರೆ ನುವೊವೊ ಚರ್ಚ್ ಕಟ್ಟಿಸಿದ್ದು ಥಿಯೊಡೋರಿಕ್. ಅವನ ಅರಮನೆಗೆ ಸೇರಿದ ಚರ್ಚ್. ಗೋಥರೂ ಕ್ರೈಸ್ತರೇ, ಆದರೆ ಏರಿಯನ್ ಪಂಥದವರು. ದೇವರ ಮಗ ತಂದೆಗೆ ಸಮಾನನಲ್ಲ, ತಂದೆಯಿಂದ ಆದವನು ಅನ್ನುವುದು ಅವರ ನಂಬಿಕೆ. ರೋಮಿನ ಕಡೆಯವರಿಗೆ ಅದು ಪಾಷಂಡ ಮತ. ಥಿಯೊಡೋರಿಕ್ ಬದುಕಿದ್ದ ಬಹುಕಾಲ ಎರಡೂ ಪಂಥದವರು ಒಂದೇ ಊರಿನಲ್ಲಿ, ಬೇರೆ ಬೇರೆ ಚರ್ಚ್ ಇಟ್ಟುಕೊಂಡು ಬದುಕಿದರು. 535ರಲ್ಲಿ ಕಾನ್‌ಸ್ಟಾಂಟಿನೋಪಲ್‌ನ ಚಕ್ರವರ್ತಿ ಜಸ್ಟಿನಿಯನ್ ಯುದ್ಧ ಶುರು ಮಾಡಿದ. 540ರಲ್ಲಿ ರವೆನ್ನಾ ಗೋಥರ ಕೈಬಿಟ್ಟಿತು. ಆಮೇಲೆ ಬಿಷಪ್ ಅನೆಲ್ಲೊ ಕಾಲದಲ್ಲಿ, 561ರ ಹೊತ್ತಿಗೆ, ಏರಿಯನ್ನರ ಚರ್ಚುಗಳೆಲ್ಲ ಕೈ ಬದಲಾದವು. ಗೋಡೆಗಳನ್ನೂ ತಿದ್ದಿದರು.

ಒಳಗೆ ಹೋದರೆ ಬಲಗಡೆ ಗೋಡೆಯ ಮೇಲೆ, ಬಾಗಿಲ ಹತ್ತಿರ, ಅರಮನೆಯ ಮೊಸಾಯಿಕ್ ಇದೆ. ಮೇಲೆ ಪಲಾಟಿಯುಮ್ ಅಂತ ಬರೆದಿದೆ. ಕಮಾನುಗಳ ಸಾಲು. ನಡುವಿನ ದೊಡ್ಡ ಕಮಾನಿನಲ್ಲಿ ಬರೀ ಚಿನ್ನದ ಬಣ್ಣ. ಅಕ್ಕಪಕ್ಕದ ಕಮಾನುಗಳಲ್ಲಿ ಪರದೆಗಳು ಇಳಿಬಿದ್ದಿವೆ. ಒಂದು ಜನವೂ ಇಲ್ಲ. ಹಾಗೆ ಅಂದುಕೊಂಡು ಮುಂದೆ ಹೋಗಬಹುದು.

ಕ್ಯಾಮೆರಾದವರು ಉದ್ದದ ಲೆನ್ಸ್ ಹಾಕಿ ಮಾನಿಟರ್ ನನ್ನ ಕಡೆ ತಿರುಗಿಸಿದರು. "ಕಂಬ ನೋಡು."

ಬಿಳಿ ಕಂಬದ ಮೇಲೆ ಒಂದು ಕೈ. ಮುಂಗೈ, ಬೆರಳು, ಅಷ್ಟೇ. ಇನ್ನೊಂದು ಕಂಬದ ಮೇಲೆ ಇನ್ನೊಂದು. ಕಮಾನಿನ ಕೆಳಗೆ ಮೊದಲು ಜನ ನಿಂತಿದ್ದರು, ಬಹುಶಃ ದೊರೆಯ ಆಸ್ಥಾನದವರು. ಅವರ ಕೈ ಪಕ್ಕದ ಕಂಬದ ಮೇಲಕ್ಕೆ ಚಾಚಿತ್ತು. ತಿದ್ದಲು ಬಂದವರು ಆಳುಗಳನ್ನು ಕಿತ್ತು ಪರದೆಯ ಚಿತ್ರ ಕೂರಿಸಿದರು. ಕಂಬ ಮುಟ್ಟಲಿಲ್ಲ. ಹಾಗಾಗಿ ಕೈ ಉಳಿದವು.

ನನಗೆ ಮೈ ಜುಂ ಅಂದಿತು. ಇಷ್ಟು ನಾಜೂಕಾಗಿ ಒಂದು ಜನವನ್ನು ಅಳಿಸಿಹಾಕಬಹುದು ಅಂತ ಕೇಳಿದ್ದೆ, ಕಣ್ಣಾರೆ ಕಂಡದ್ದು ಇವತ್ತು.

ಸಂಶೋಧಕಿ ತಮ್ಮ ನೋಟ್‌ಬುಕ್ ತೆಗೆದರು. ನೇಪಲ್ಸ್‌ನಲ್ಲಿ ಒಂದು ಪಪೈರಸ್ ಕಾಗದ ಇದೆಯಂತೆ. 551ರದ್ದು. ಇದೇ ರವೆನ್ನಾದ ಒಂದು ಗೋಥ್ ಚರ್ಚಿನ ಪಾದ್ರಿಗಳು ಜೌಗು ಭೂಮಿ ಮಾರಿದ ಪತ್ರ. ಪತ್ರ ಲ್ಯಾಟಿನ್‌ನಲ್ಲಿದೆ. ಆದರೆ ಸಹಿ ಹಾಕುವಾಗ ನಾಲ್ವರು ತಮ್ಮ ಭಾಷೆಯಲ್ಲೇ ಬರೆದಿದ್ದಾರೆ. ಒಂದು ಸಹಿಯನ್ನು ಅವರು ಮೆಲ್ಲಗೆ ಓದಿದರು. "ಇಕ್ ಉಫಿತಹಾರಿ ಪಾಪಾ ಉಫ್‌ಮೇಲಿದಾ ಹಂದೌ ಮೀನಾಯ್." ಅಂದರೆ, ಪಾದ್ರಿಯಾದ ಉಫಿತಹಾರಿ ನಾನು, ನನ್ನ ಕೈಯಾರೆ ಸಹಿ ಮಾಡಿದೆ.

ನನ್ನ ಕೈಯಾರೆ! ಕಂಬದ ಮೇಲೆ ಕೈ, ಕಾಗದದ ಮೇಲೂ ಕೈ. ನಾನು ಕೂಡಲೇ ಮೈಕ್ ಅವರ ಮುಂದೆ ಹಿಡಿದು ಇನ್ನೊಮ್ಮೆ ಓದಿ ಅಂದೆ. ಮೂರು ಸಲ ಓದಿಸಿದೆ. ಇನ್ನು ಹತ್ತು ವರ್ಷಕ್ಕೆ ಆ ಪಾದ್ರಿಗಳ ಚರ್ಚ್ ಅವರ ಕೈಬಿಟ್ಟು ಹೋಗಲಿದೆ. ಆ ವಾಕ್ಯ ಬರೆಯುವಾಗ ಅವರಿಗೆ ಅದು ಗೊತ್ತಿರಲಿಲ್ಲ.

ಗೋಥರ ಅದೃಷ್ಟ, ಅವರ ಭಾಷೆಯ ಬರಹ ಸ್ವಲ್ಪವಾದರೂ ಉಳಿದಿದೆ. 4ನೇ ಶತಮಾನದಲ್ಲಿ ವುಲ್ಫಿಲಾ ಎಂಬ ಬಿಷಪ್ ಬೈಬಲನ್ನು ಆ ಭಾಷೆಗೆ ತಂದ. ಅದರ ಒಂದು ಪ್ರತಿ ನೇರಳೆ ಚರ್ಮದ ಹಾಳೆಯ ಮೇಲೆ ಬೆಳ್ಳಿಯ ಶಾಯಿಯಲ್ಲಿ ಬರೆದದ್ದು. ಥಿಯೊಡೋರಿಕ್‌ನ ಕಾಲದ ಇಟಲಿಯಲ್ಲಿ, ಬಹುಶಃ ಇದೇ ಊರಿನಲ್ಲಿ ತಯಾರಾದದ್ದು. ಈಗ ಸ್ವೀಡನ್ನಿನ ಉಪ್ಸಾಲಾದಲ್ಲಿದೆ. ಮುಂದೆ ನಾವು ಹೋಗಲಿರುವ ಲೊಂಬಾರ್ಡರ ಭಾಷೆಗೆ ಆ ಭಾಗ್ಯವೂ ಇಲ್ಲ. ಪುಸ್ತಕ, ಪದ್ಯ, ಪತ್ರ ಯಾವುದೂ ಇಲ್ಲ. ಬಿಡಿ ಪದಗಳು, ಹೆಸರುಗಳು, ಅಷ್ಟೇ.

ಮಧ್ಯಾಹ್ನ ಊಟಕ್ಕೆ ಪಿಯಾದೀನಾ. ನಮ್ಮ ಮೈದಾ ರೊಟ್ಟಿಯ ಹಾಗೆ, ಒಳಗೆ ಮೆತ್ತನೆಯ ಚೀಸ್ ಮತ್ತು ಸೊಪ್ಪು. ಸಂಜೆ ಏರಿಯನ್ನರ ದೀಕ್ಷಾಸ್ನಾನದ ಕಟ್ಟಡವನ್ನು ಬೇಗ ಬೇಗ ಶೂಟ್ ಮಾಡಿದೆವು. ಗುಮ್ಮಟದ ನಡುವೆ ನೀರಿನಲ್ಲಿ ನಿಂತ ಎಳೆಯ ಯೇಸು, ಪಕ್ಕದಲ್ಲಿ ಮುದುಕನ ರೂಪದಲ್ಲಿ ಜೋರ್ಡನ್ ನದಿ. ಅಲ್ಲಿ ಹೆಚ್ಚು ಹೊತ್ತು ಸಿಗಲಿಲ್ಲ.

ಮೂರನೆಯ ದಿನ: ದಾರಿಯಲ್ಲಿ

ಇಡೀ ದಿನ ಪ್ರಯಾಣ. ಪಾದುವಾ, ವೆನಿಸ್ ಪಕ್ಕದಿಂದ ಹಾದು, ಉದಿನೆ ದಾಟಿ ಚಿವಿದಾಲೆ. ಮಳೆ ಬಿಡಲೇ ಇಲ್ಲ.

ವ್ಯಾನಿನಲ್ಲಿ ಒಂದು ದೊಡ್ಡ ಚರ್ಚೆ ನಡೆಯಿತು. ಜರ್ಮಾನಿಕ್ ಅನ್ನುವ ಪದವನ್ನು ಚಿತ್ರದಲ್ಲಿ ಹೇಗೆ ಬಳಸಬೇಕು ಅಂತ. ಗೋಥರಾಗಲಿ ಲೊಂಬಾರ್ಡರಾಗಲಿ ತಮ್ಮನ್ನು ಹಾಗೆ ಕರೆದುಕೊಂಡವರಲ್ಲ. ಅವರ ಭಾಷೆಗಳು ಒಂದೇ ಬಳ್ಳಿಯವು ಅಂತ ಈಗಿನವರು ಇಟ್ಟಿರುವ ಹೆಸರು ಅದು. ಪದದ ಮೇಲೆ ಇನ್ನೊಂದು ಕಲೆಯೂ ಇದೆ. ನಾಜಿಗಳು ಈ ಹಳೆಯ ಜನರನ್ನು ತಮ್ಮ ಜನಾಂಗ ದ್ವೇಷಕ್ಕೆ ಸಾಕ್ಷಿ ಮಾಡಿಕೊಂಡರು. 1935ರಲ್ಲಿ ಅದಕ್ಕೆಂದೇ ಆನೆನ್‌ಎರ್ಬೆ ಎಂಬ ಸಂಸ್ಥೆ ಕಟ್ಟಿ, ಅಗೆತ ಮಾಡಿಸಿ, ಸಿನಿಮಾವನ್ನೂ ಬಳಸಿಕೊಂಡರು. ಕ್ಯಾಮೆರಾ ಹಿಡಿದು ಈ ವಿಷಯಕ್ಕೆ ಹೋಗುವವರು ಅದನ್ನು ಮರೆಯಬಾರದು ಅನ್ನುವುದು ನಿರ್ದೇಶಕಿಯ ಗಟ್ಟಿ ಮಾತು. ನನ್ನದೂ ಅದೇ.

ಶುದ್ಧ ರಕ್ತದ ಕತೆಗೆ ಉತ್ತರವೂ ಮಣ್ಣಿನಲ್ಲೇ ಸಿಕ್ಕಿದೆ. 2018ರಲ್ಲಿ ಹಂಗೆರಿಯ ಸೋಲಾದ್ ಮತ್ತು ತುರಿನ್ ಹತ್ತಿರದ ಕೊಲೆನ್ಯೊ, ಈ ಎರಡು ಸ್ಮಶಾನಗಳ 63 ಜನರ ಡಿಎನ್‌ಎ ಓದಿದ ವರದಿ ಬಂತು. ಲೊಂಬಾರ್ಡರ ಕಾಲದ ಸ್ಮಶಾನಗಳು. ಒಂದೇ ಸ್ಮಶಾನದಲ್ಲಿ ಉತ್ತರ ಯುರೋಪಿನ ಮೂಲದವರೂ ಇದ್ದರು, ದಕ್ಷಿಣದವರೂ ಇದ್ದರು. ಬಂದವರು ಒಬ್ಬರೇ ಬರಲಿಲ್ಲ, ಬಂದ ಮೇಲೆ ಒಬ್ಬರೇ ಉಳಿಯಲೂ ಇಲ್ಲ.

ರಾತ್ರಿ ಚಿವಿದಾಲೆಯ ಹೋಟೆಲಿನ ಬೋರ್ಡಿನಲ್ಲಿ ಸ್ತಿಂಕೊ ಅಂತ ಒಂದು ಅಡುಗೆಯ ಹೆಸರಿತ್ತು. ಹಂದಿಯ ಮೊಣಕಾಲ ಕೆಳಗಿನ ಭಾಗ. ನಾನು ತಿನ್ನುವುದಿಲ್ಲ. ಆದರೆ ಸಂಶೋಧಕಿ "ಅದು ಲೊಂಬಾರ್ಡರ ಪದ" ಅಂದಾಗ ಕಿವಿ ನಿಮಿರಿತು.

ನಾಲ್ಕನೆಯ ದಿನ: ಚಿವಿದಾಲೆ

ಮಳೆ ನಿಂತಿತ್ತು. ನಾತಿಸೋನೆ ನದಿ ಹಸಿರು ನೀಲಿಯಾಗಿ ಹರಿಯುತ್ತಿತ್ತು. ನದಿಯ ಅಂಚಿನ ಬಂಡೆಯ ಮೇಲೆ ಊರು. ಲೊಂಬಾರ್ಡರ ದೊರೆ ಆಲ್ಬೋಯಿನ್ 568ರಲ್ಲಿ ಇಟಲಿಗೆ ಕಾಲಿಟ್ಟು ಮೊದಲು ಹಿಡಿದ ಪ್ರಾಂತ್ಯದ ತಲೆಯೂರು ಇದು. ಕಾಯಲು ತನ್ನ ಹತ್ತಿರದ ಬಂಧು ಗಿಸುಲ್ಫ್‌ನನ್ನು ಬಿಟ್ಟ. ಗಿಸುಲ್ಫ್ ಒಂದು ಷರತ್ತು ಹಾಕಿದ. ನನ್ನ ಜೊತೆ ಯಾವ ಯಾವ ಮನೆತನ ಇರಬೇಕು ಅಂತ ನಾನೇ ಆರಿಸುತ್ತೇನೆ, ಒಳ್ಳೆಯ ಹೆಣ್ಣು ಕುದುರೆಗಳ ಹಿಂಡೂ ಕೊಡಬೇಕು ಅಂದ. ಮನೆತನಕ್ಕೆ ಅವರ ಪದ ಫಾರಾ. ದಾಯಾದಿಗಳು, ನೆಂಟರು, ಒಟ್ಟಿಗೆ ದಾರಿ ಹಿಡಿದವರು ಎಲ್ಲಾ ಸೇರಿ ಒಂದು ಫಾರಾ.

ಇದನ್ನೆಲ್ಲ ಬರೆದವನು ಇದೇ ಊರಿನ ಕಡೆಯವನು, ಪಾವ್ಲೊ ದಿಯಾಕೊನೊ. ಸನ್ಯಾಸಿ. 8ನೇ ಶತಮಾನದ ಕೊನೆಯಲ್ಲಿ, ತನ್ನ ಜನರ ರಾಜ್ಯ ಹೋದ ಮೇಲೆ, ಅವರ ಇತಿಹಾಸ ಬರೆದ. ಬರೆದದ್ದು ಲ್ಯಾಟಿನ್‌ನಲ್ಲಿ.

ಇಲ್ಲಿ ನನಗೆ ಬಾದಾಮಿ ನೆನಪಾಯಿತು. ಮೂರನೆಯ ಗುಹೆಯ ಶಾಸನದ ವರ್ಷ 578. ಲೊಂಬಾರ್ಡರು ಇಟಲಿಗೆ ಬಂದ ಹತ್ತೇ ವರ್ಷಕ್ಕೆ. ಅದೇ ಗುಹೆಯ ಹತ್ತಿರ ಮಂಗಳೇಶ ಲಂಜಿಗೇಸರ ಎಂಬ ಊರನ್ನು ದಾನ ಕೊಟ್ಟ ಮಾತು ಕನ್ನಡದಲ್ಲೇ ಕೆತ್ತಿದೆ. ಶಾಲೆಯ ಟ್ರಿಪ್ಪಿನಲ್ಲಿ ಅದರ ಮುಂದೆ ನಿಂತು ಫೋಟೊ ತೆಗೆಸಿಕೊಂಡಿದ್ದೆ, ಅದು ಎಷ್ಟು ದೊಡ್ಡ ವಿಷಯ ಅಂತ ಆಗ ಗೊತ್ತಿರಲಿಲ್ಲ. ಅದೇ ಕಾಲದ ಒಂದು ಇಡೀ ಜನ ತಮ್ಮ ಮಾತಿನ ಒಂದು ಪುಟವನ್ನೂ ಬಿಡದೆ ಹೋಗಿದ್ದಾರೆ.

ಬೆಳಗಿನ ಹೊತ್ತು ನದಿಯ ಪಕ್ಕದ ಬಯಲಿನಲ್ಲಿ ಒಂದು ಯುದ್ಧದ ದೃಶ್ಯ ಇಟ್ಟುಕೊಂಡಿದ್ದೆವು. ಹಳೆಯ ಕಾಲದ ವೇಷ, ಆಯುಧ ಮಾಡಿ ಆಡುವ ಒಂದು ತಂಡ ಬಂದಿತ್ತು. ಗೋರಿಗಳಲ್ಲಿ ಸಿಕ್ಕ ವಸ್ತುಗಳನ್ನು ನೋಡಿಕೊಂಡು ತಾವೇ ಬೆಲ್ಟಿನ ಬಕಲ್, ಗುರಾಣಿಯ ಗುಬ್ಬಿ ತಯಾರಿಸಿದವರು. ಕೊಂಬಿನ ಶಿರಸ್ತ್ರಾಣ ಒಂದೂ ಇರಲಿಲ್ಲ. ಅವರ ಕೆಲಸದ ಮೇಲೆ ನನಗೆ ತುಂಬಾ ಗೌರವ ಬಂತು. ಎಂಟು ಜನ ಕತ್ತಿ ಎತ್ತಿ ಕೂಗುತ್ತಾ ಓಡಿದರು. ನಾನು ಬೂಮ್, ಅಂದರೆ ಉದ್ದ ಕೋಲಿನ ಮೈಕ್, ಹಿಡಿದು ಪಕ್ಕದಲ್ಲೇ ಓಡಿದೆ. ಠಣ್ ಠಣ್, ಹೋ ಹೋ.

ಮಧ್ಯಾಹ್ನ ಹಾಕಿ ಕೇಳಿದೆವು. ಯಾವ ದೇಶದ, ಯಾವ ಕಾಲದ ಯುದ್ಧಕ್ಕೆ ಬೇಕಾದರೂ ಆ ಶಬ್ದ ಹೊಂದುತ್ತಿತ್ತು. ನಾನು ಅದನ್ನು ಹೇಳಿದೆ. ನಿರ್ದೇಶಕಿ ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ ಆ ತಂಡದ ಒಬ್ಬರನ್ನು ಕರೆದು, "ನಿಮ್ಮ ಬಕಲ್‌ಗೆ ಬೆಳ್ಳಿ ತಂತಿ ಕೂರಿಸೋದು ಹೇಗೆ, ಮಾಡಿ ತೋರಿಸ್ತೀರಾ?" ಅಂದರು. ಕಬ್ಬಿಣದಲ್ಲಿ ಸಣ್ಣ ಗೀರು ತೋಡಿ, ಬೆಳ್ಳಿಯ ತಂತಿ ಇಟ್ಟು, ಚಿಕ್ಕ ಸುತ್ತಿಗೆಯಲ್ಲಿ ಟಿಕ್ ಟಿಕ್ ಅಂತ ಬಡಿದು ಕೂರಿಸಿದರು. ಅರ್ಧ ಗಂಟೆ ಅದನ್ನೇ ಹಿಡಿದೆ. ಚಿತ್ರದಲ್ಲಿ ಯುದ್ಧದ ಬದಲು ಅದು ಬರಲಿದೆ. ಇದು ಸರಿಯಾದ ತೀರ್ಮಾನ ಅಂತ ನನಗೆ ಅನುಮಾನವೇ ಇಲ್ಲ.

ಆ ಜನಕ್ಕೆ ಹೆಸರು ಬಂದ ಕತೆಯನ್ನು ಸಂಶೋಧಕಿ ನದಿಯ ಬಂಡೆಯ ಮೇಲೆ ಕೂತು ಕ್ಯಾಮೆರಾಕ್ಕೆ ಹೇಳಿದರು. ಮೊದಲು ಅವರು ವಿನ್ನಿಲಿಗಳು. ವಾಂಡಲರ ಜೊತೆ ಯುದ್ಧ ಬಂತು. ವಾಂಡಲರು ಗೋದನ್ ದೇವರ ಹತ್ತಿರ ಗೆಲುವು ಕೇಳಿದರು. ನಾಳೆ ಸೂರ್ಯ ಹುಟ್ಟುವಾಗ ಯಾರನ್ನು ಮೊದಲು ನೋಡುತ್ತೇನೋ ಅವರಿಗೆ ಗೆಲುವು ಅಂದ ದೇವರು. ಇತ್ತ ವಿನ್ನಿಲಿಗಳ ನಾಯಕರ ತಾಯಿ ಗಂಬಾರಾ ದೇವರ ಹೆಂಡತಿ ಫ್ರೇಯಾಳ ಹತ್ತಿರ ಹೋದಳು. ಅವಳು ಉಪಾಯ ಹೇಳಿಕೊಟ್ಟಳು. ಹೆಂಗಸರೆಲ್ಲ ಕೂದಲು ಬಿಚ್ಚಿ ಗಡ್ಡದ ಹಾಗೆ ಮುಖಕ್ಕೆ ಕಟ್ಟಿಕೊಳ್ಳಲಿ, ಗಂಡಂದಿರ ಜೊತೆ ಬೆಳಿಗ್ಗೆ ಪೂರ್ವ ದಿಕ್ಕಿಗೆ ಬಂದು ನಿಲ್ಲಲಿ. ದೇವರು ಕಿಟಕಿಯಲ್ಲಿ ನೋಡಿ, "ಯಾರು ಈ ಉದ್ದ ಗಡ್ಡದವರು?" ಅಂದ. "ಹೆಸರು ಇಟ್ಟೆಯಲ್ಲ, ಈಗ ಗೆಲುವನ್ನೂ ಕೊಡು" ಅಂದಳು ಫ್ರೇಯಾ. ಲಾಂಗೊಬಾರ್ದಿ ಅಂದರೆ ಉದ್ದ ಗಡ್ಡದವರು. ಸನ್ಯಾಸಿ ಪಾವ್ಲೊ ಇದನ್ನು ನಗೆಪಾಟಲಿನ ಕತೆ ಅಂತಾನೆ. ಆದರೂ ಬಿಡದೆ ಬರೆದಿಟ್ಟ. ಅದಕ್ಕೆ ಅವನಿಗೆ ಕೈಮುಗಿಯಬೇಕು. ಅಜ್ಜಿಯರ ಬಾಯಿಂದ ಬಂದ ಕತೆ ಅದು, ಕೇಳಿದರೇ ಗೊತ್ತಾಗುತ್ತದೆ ಅಲ್ವಾ?

ಸಂಜೆ ಎರಡು ಕಡೆ ಕೆಲಸ. ಪುಟ್ಟ ಲೊಂಬಾರ್ಡ್ ಮಂದಿರದಲ್ಲಿ, 8ನೇ ಶತಮಾನದ್ದು, ಬಾಗಿಲ ಮೇಲ್ಗಡೆ ಗಾರೆಯಲ್ಲಿ ಮಾಡಿದ ಆರು ಹೆಂಗಸರು ನಿಂತಿದ್ದಾರೆ. ನೀಳವಾಗಿ, ನೆರಿಗೆಯ ಬಟ್ಟೆ ಉಟ್ಟು. ಅಷ್ಟು ಶಾಂತ ಮುಖಗಳನ್ನು ನಾನು ಬೇರೆಲ್ಲೂ ಕಂಡಿಲ್ಲ. ಇನ್ನೊಂದು ಕಡೆ, ಚರ್ಚಿನ ಮ್ಯೂಸಿಯಂನಲ್ಲಿ, ರಾತ್ಕಿಸ್‌ನ ಕಲ್ಲಿನ ಬಲಿಪೀಠ. ರಾತ್ಕಿಸ್ ಇಲ್ಲಿಯ ದೊರೆ, ಆಮೇಲೆ ಇಡೀ ರಾಜ್ಯದ ರಾಜ. ಅದರ ಕೆತ್ತನೆಯಲ್ಲಿ ನಡುವೆ ಯೇಸು, ಸುತ್ತ ದೇವದೂತರು. ಆಳಿಗಿಂತ ಅವರ ಅಂಗೈಗಳೇ ಎದ್ದು ಕಾಣುವಷ್ಟು ದೊಡ್ಡವು. ಕ್ಯಾಮೆರಾದವರು ನನ್ನನ್ನು ನೋಡಿದರು. ಇಬ್ಬರಿಗೂ ರವೆನ್ನಾದ ಕಂಬ ಕಣ್ಣ ಮುಂದೆ ಬಂದಿತ್ತು.

ಊರಿನ ದೊಡ್ಡ ಮ್ಯೂಸಿಯಂನಲ್ಲಿ ಗೋರಿಗಳಿಂದ ತೆಗೆದ ಚಿನ್ನದ ಶಿಲುಬೆಗಳಿವೆ. ಹಾಳೆಯಷ್ಟು ತೆಳು. ಅಂಚಿನಲ್ಲಿ ಸೂಜಿ ತೂತು. ಸತ್ತವರ ಮುಖದ ಮೇಲೆ ಹೊದಿಸುವ ಬಟ್ಟೆಗೆ ಹೊಲಿಯುತ್ತಿದ್ದರು. ಬಟ್ಟೆ ಹೋಗಿದೆ, ಮುಖ ಹೋಗಿದೆ, ಹೊಲಿಗೆಯ ತೂತು ಇದೆ.

ಐದನೆಯ ದಿನ: ಬ್ರೇಷಾ

ಮುಂಜಾನೆ ಹೊರಟು ಪಶ್ಚಿಮಕ್ಕೆ ಬಂದೆವು. ಇಲ್ಲಿಯ ಸಾನ್ ಸಾಲ್ವತೋರೆ ಮಠವನ್ನು 753ರಲ್ಲಿ ಕಟ್ಟಿಸಿದವರು ದೆಸಿದೇರಿಯೊ ಮತ್ತು ಅವನ ಹೆಂಡತಿ ಆನ್ಸಾ. ದೆಸಿದೇರಿಯೊ ಲೊಂಬಾರ್ಡರ ಕೊನೆಯ ರಾಜ. ಮಗಳು ಆನ್ಸೆಲ್ಪೆರ್ಗಾ ಮಠದ ಮೊದಲ ಮುಖ್ಯಸ್ಥೆ. ಹೆಸರಿನ ಕೊನೆಯ ಪೆರ್ಗಾ, ಬೆರ್ಗಾ ಅನ್ನುವುದಕ್ಕೆ ಕಾಪಾಡುವುದು ಅನ್ನುವ ಅರ್ಥ. ಆ ಕಾಲದ ಹೆಣ್ಣುಮಕ್ಕಳ ಹೆಸರಿನಲ್ಲಿ ತುಂಬಾ ಬರುತ್ತದೆ.

ಇವತ್ತು ಒಂದು ಹಾನಿಯಾಯಿತು. ರೆಕಾರ್ಡರ್‌ಗೆ ಹಾಕಿದ್ದ ಬಾಡಿಗೆಯ ಕಾರ್ಡ್ ಕೆಟ್ಟು, ಎರಡು ಗಂಟೆಯ ಶಬ್ದ ಪೂರ್ತಿ ಹೋಯಿತು. ಹೊಟ್ಟೆ ಚುರ್ ಅಂದಿತು. ಯಾರೂ ಬೈಯಲಿಲ್ಲ. ಎಲ್ಲವನ್ನೂ ಮತ್ತೆ ಮೊದಲಿನಿಂದ ಮಾಡಿದೆವು. ಹಾಗಾಗಿ ದೆಸಿದೇರಿಯೊನ ಹೆಸರಿನ ರತ್ನದ ಶಿಲುಬೆಗೆ ಹತ್ತೇ ನಿಮಿಷ ಸಿಕ್ಕಿತು. ಇನ್ನೂರಕ್ಕೂ ಹೆಚ್ಚು ಕಲ್ಲುಗಳು, ಅವುಗಳಲ್ಲಿ ರೋಮನ್ನರ ಕಾಲದ ಕೆತ್ತನೆಯವೂ ಇವೆ.

ಸಂಜೆ ಹೊಸ ಕಾರ್ಡ್ ಹಾಕಿಕೊಂಡು ಊರಿನ ಚೌಕಕ್ಕೆ ಹೋದೆ. ಸ್ತಿಂಕೊ ಅನ್ನುವ ಪದ ಮನಸ್ಸಿನಿಂದ ಹೋಗಿರಲಿಲ್ಲ. ಸಂಶೋಧಕಿ ಒಂದು ಪಟ್ಟಿ ಮಾಡಿಕೊಟ್ಟಿದ್ದರು. ಇಟಾಲಿಯನ್ನಿನಲ್ಲಿ ಇಂದಿಗೂ ಇರುವ ಲೊಂಬಾರ್ಡ್ ಪದಗಳು. ಗ್ವಾಂಚಾ, ಕೆನ್ನೆ. ಸ್ಕಿಯೇನಾ, ಬೆನ್ನು. ನೊಕ್ಕಾ, ಬೆರಳಿನ ಗೆಣ್ಣು. ತ್ಸಾನ್ನಾ, ಕೋರೆಹಲ್ಲು. ರುಸ್ಸಾರೆ, ಗೊರಕೆ ಹೊಡೆಯುವುದು. ಸ್ಕೆರ್ತ್ಸಾರೆ, ತಮಾಷೆ ಮಾಡುವುದು. ನೋಡಿ, ಒಂದೂ ಆಸ್ಥಾನದ ಪದವಲ್ಲ. ಆಳುವ ಕೆಲಸವನ್ನು ಅವರು ಲ್ಯಾಟಿನ್‌ಗೆ ಬಿಟ್ಟರು. ಅವರ ಮಾತು ಉಳಿದದ್ದು ಮನೆಯಲ್ಲಿ, ಮೈಯಲ್ಲಿ, ಮಲಗುವ ಕೋಣೆಯಲ್ಲಿ.

ಚೌಕದಲ್ಲಿ ಕೂತ ಅಜ್ಜಂದಿರು, ಕಾಲೇಜು ಹುಡುಗಿಯರು, ತರಕಾರಿ ಚೀಲ ಹಿಡಿದವರು, ಎಲ್ಲರ ಹತ್ತಿರ ಕೇಳಿದೆ. ಈ ಪದ ಒಂದೊಂದೇ ಹೇಳುತ್ತೀರಾ? ಯಾಕೆ ಅಂದರು. ಹೇಳಿದೆ. ಒಬ್ಬ ಅಜ್ಜಿ ಸ್ಕಿಯೇನಾ ಅನ್ನುವಾಗ ತಾವೇ ಸೊಂಟದ ಮೇಲೆ ಕೈ ಇಟ್ಟು, "ನನ್ನದು ದಿನಾ ನೋಯುತ್ತೆ, ಮಗು. ಈ ಪದ ನಾನು ಎಲ್ಲರಿಗಿಂತ ಜಾಸ್ತಿ ಹೇಳಿರ್ತೀನಿ" ಅಂದರು. ಅಮ್ಮ ಕೇಳಿದ್ದಕ್ಕೆ ಉತ್ತರ ನನಗೆ ಅಲ್ಲಿ ಸಿಕ್ಕಿತು. ರಾತ್ರಿ ಫೋನ್ ಮಾಡಿ ಆ ದನಿಗಳನ್ನು ಕೇಳಿಸಿದೆ. ಅಮ್ಮ ಬೆನ್ನಿನ ಪದವನ್ನು ಎರಡು ಸಲ ಹೇಳಿ ನೋಡಿದರು. ಚೆನ್ನಾಗಿ ಬಂತು.

ಆರನೆಯ ದಿನ: ಫಾರಾ ಮತ್ತು ಮೋಂತ್ಸಾ

ಅದ್ದಾ ನದಿಯ ದಂಡೆಯಲ್ಲಿ ಫಾರಾ ಜೇರಾ ದದ್ದಾ ಅಂತ ಒಂದು ಊರಿದೆ. ಅಲ್ಲಿ ನಮ್ಮ ಕೆಲಸ ಊರಿನ ಹೆಸರಿನ ಬೋರ್ಡ್ ಶೂಟ್ ಮಾಡುವುದು. ಗಿಸುಲ್ಫ್ ಕೇಳಿ ಪಡೆದ ಅದೇ ಫಾರಾ ಇಲ್ಲಿ ಬಸ್ ನಿಲ್ದಾಣದಲ್ಲಿ, ಪಾಠಶಾಲೆಯ ಗೇಟಿನ ಮೇಲೆ ಇದೆ. ಕಾಫಿ ಅಂಗಡಿಯವರನ್ನು ಹೆಸರಿನ ಅರ್ಥ ಕೇಳಿದೆವು. "ಗೊತ್ತು, ಲಾಂಗೊಬಾರ್ದಿ ಮನೆತನ. ಮೂರನೇ ಕ್ಲಾಸಿನಲ್ಲಿ ಕಲಿಸಿದ್ರು" ಅಂದರು.

ಪಾವಿಯಾಕ್ಕೆ ಹೋಗಲು ಸಮಯ ಉಳಿಯಲಿಲ್ಲ. ಇದರ ಬೇಸರ ನನಗೆ ಇದೆ. 643ರಲ್ಲಿ ರೋತಾರಿ ರಾಜ ತನ್ನ ಜನರ ಕಟ್ಟಳೆಗಳನ್ನು ಮೊದಲ ಸಲ ಬರೆಯಿಸಿದ್ದು ಅಲ್ಲಿ. 388 ಕಲಮುಗಳು. ಕೊಲೆಗೆ ಕೊಲೆ ಅಂತ ತಲೆತಲಾಂತರ ನಡೆಯುವ ಫೈದಾ, ಅಂದರೆ ಮನೆತನದ ಹಗೆ, ನಿಲ್ಲಲಿ ಅಂತ ಪ್ರತಿ ಗಾಯಕ್ಕೂ ಪರಿಹಾರದ ಹಣ ಗೊತ್ತು ಮಾಡಿದ. ನಕ್ಕಾಗ ಕಾಣುವ ಹಲ್ಲು ಮುರಿದರೆ 16 ಸೋಲಿದಿ, ಅಂದರೆ ಚಿನ್ನದ ನಾಣ್ಯ, ದವಡೆ ಹಲ್ಲಿಗೆ 8. ಒಬ್ಬ ಮನುಷ್ಯನ ನಗುವಿಗೆ ಬೆಲೆ ಇದೆ ಅಂತ ಬರೆದಿಟ್ಟ ಜನರನ್ನು ಬರ್ಬರರು ಅಂತ ಒಂದೇ ಮಾತಿನಲ್ಲಿ ಹೇಗೆ ತಳ್ಳಿಹಾಕುವುದು? ವ್ಯಾನಿನಲ್ಲೇ ಸಂಶೋಧಕಿಯ ದನಿಯಲ್ಲಿ ಅದನ್ನು ರೆಕಾರ್ಡ್ ಮಾಡಿಕೊಂಡೆ.

ಮೋಂತ್ಸಾದಲ್ಲಿ ಎಲ್ಲವೂ ರಾಣಿ ತೆಯೊದೊಲಿಂದಾಳದು. ಬವೇರಿಯಾದ ಹೆಣ್ಣುಮಗಳು. 589ರಲ್ಲಿ ಔತಾರಿ ರಾಜನನ್ನು ಮದುವೆಯಾದಳು. ಮದುವೆಗೆ ಮುಂಚೆ ಔತಾರಿ ತಾನೇ ದೂತನ ವೇಷದಲ್ಲಿ ಹೆಣ್ಣು ನೋಡಲು ಹೋದನಂತೆ. ಅವಳು ವೈನ್ ಕೊಟ್ಟಳು. ಬಟ್ಟಲು ವಾಪಸ್ ಕೊಡುವಾಗ ಯಾರೂ ಕಾಣದ ಹಾಗೆ ಅವಳ ಕೈಯನ್ನು ಬೆರಳಿನಿಂದ ಮುಟ್ಟಿ, ತನ್ನ ಬಲಗೈಯನ್ನು ಹಣೆ, ಮೂಗಿನ ಮೇಲಿಂದ ಮುಖಕ್ಕೆ ಸವರಿಕೊಂಡ. ನಾಚಿಕೆಯಾಗಿ ಅವಳು ದಾದಿಗೆ ಹೇಳಿದಳು. ದಾದಿ ಜಾಣೆ. ಅವನೇ ರಾಜ ಆಗಿರದಿದ್ದರೆ ನಿನ್ನನ್ನು ಮುಟ್ಟುವ ಧೈರ್ಯ ಮಾಡುತ್ತಿರಲಿಲ್ಲ, ಸುಮ್ಮನಿರು ಅಂದಳು. ಇದೂ ಪಾವ್ಲೊ ಬರೆದದ್ದೇ.

ಮದುವೆಯಾದ ಮರುವರ್ಷವೇ ಔತಾರಿ ತೀರಿಕೊಂಡ. ಆಮೇಲೆ ಆಜಿಲುಲ್ಫ್‌ನನ್ನು ಮದುವೆಯಾದಳು. ಅವಳು ಕಟ್ಟಿಸಿದ ಚರ್ಚಿನ ಜಾಗದಲ್ಲಿ ಈಗಿನ ಕೆಥೆಡ್ರಲ್ ಇದೆ. ಒಳಗಿನ ಗುಡಿಯಲ್ಲಿ ಅವಳ ಕತೆಯ 45 ಚಿತ್ರಗಳಿವೆ, ತ್ಸವಾತ್ತಾರಿ ಮನೆತನದವರು 15ನೇ ಶತಮಾನದಲ್ಲಿ ಬರೆದದ್ದು. ಬಟ್ಟೆ ಬರೆ ಎಲ್ಲಾ ಆ ಶತಮಾನದ್ದೇ. ಕಬ್ಬಿಣದ ಕಿರೀಟವೂ ಇಲ್ಲೇ ಇದೆ. ಒಳಗಿನ ಉಂಗುರ ಯೇಸುವಿನ ಶಿಲುಬೆಯ ಮೊಳೆಯದು ಅನ್ನುವ ನಂಬಿಕೆಯಿಂದ ಆ ಹೆಸರು. 1993ರಲ್ಲಿ ಪರೀಕ್ಷೆ ಮಾಡಿದಾಗ ಅದು ಬೆಳ್ಳಿ ಅಂತ ಗೊತ್ತಾಯಿತು. ನನಗೆ ಕಿರೀಟಕ್ಕಿಂತ ಇಷ್ಟವಾದದ್ದು ಬೆಳ್ಳಿಗೆ ಚಿನ್ನದ ಲೇಪ ಕೊಟ್ಟ ಒಂದು ಕೋಳಿ. ಸುತ್ತ ಏಳು ಮರಿಗಳು ಕಾಳು ಹೆಕ್ಕುತ್ತಿವೆ.

ಏಳನೆಯ ದಿನ: ತೋರ್ಬಾ

ಕೊನೆಯ ದಿನ. ವರೇಸೆ ಕಡೆಯ ಕಾಡಿನಲ್ಲಿ ಕಾಸ್ತೆಲ್‌ಸೇಪ್ರಿಯೊ. ಕೋಟೆಯ ಊರು. 1287ರಲ್ಲಿ ಮಿಲಾನಿನವರು ಕೆಡವಿದ ಮೇಲೆ ಮತ್ತೆ ಏಳಲಿಲ್ಲ. ಗೋಡೆಗಳ ಮೇಲೆ ಓಕ್ ಮರಗಳು ಬೆಳೆದಿವೆ. ಸ್ವಲ್ಪ ಆಚೆ ಒಂಟಿಯಾಗಿ ನಿಂತ ಚರ್ಚಿನ ಗೋಡೆಯ ಸುಣ್ಣದ ಕೆಳಗೆ 1944ರಲ್ಲಿ, ಯುದ್ಧದ ನಡುವೆ, ಅದ್ಭುತವಾದ ಚಿತ್ರಗಳು ಸಿಕ್ಕಿದವು. ಅವು 6ನೇ ಶತಮಾನದವೋ 10ನೆಯದೋ ಅನ್ನುವ ಜಗಳ ಈಗಲೂ ಇದೆ. ಅಲ್ಲಿಂದ ಕಾಡಿನ ದಾರಿಯಲ್ಲಿ ಇಳಿದರೆ ತೋರ್ಬಾ ಗೋಪುರ. ರೋಮನ್ನರ ಕಾಲದ ಕಾವಲು ಗೋಪುರ. 8ನೇ ಶತಮಾನದಲ್ಲಿ ಕ್ರೈಸ್ತ ಸನ್ಯಾಸಿನಿಯರು ಬಂದು ಅದನ್ನೇ ಮಠ ಮಾಡಿಕೊಂಡರು.

ಎರಡನೆಯ ಅಂತಸ್ತಿನ ಗೋಡೆಯ ಮೇಲೆ ಪ್ರಾರ್ಥನೆಗೆ ನಿಂತ ಸನ್ಯಾಸಿನಿಯರ ಸಾಲಿದೆ. ಬಟ್ಟೆ ಕಾಣುತ್ತದೆ. ಮುಖಗಳು ಅಳಿಸಿಹೋಗಿವೆ. ಅದರ ಕೆಳಗಿನ ಅಂತಸ್ತು ಅವರನ್ನು ಹೂಳುತ್ತಿದ್ದ ಕೋಣೆ. ಅಲ್ಲಿ ಒಬ್ಬ ಸನ್ಯಾಸಿನಿಯ ಚಿತ್ರ, ಜೊತೆಗೆ ಹೆಸರು. ಅಲಿಬೆರ್ಗಾ.

ಬ್ರೇಷಾದ ರಾಜಕುಮಾರಿಯ ಹೆಸರಿನಲ್ಲಿದ್ದ ಅದೇ ಬೆರ್ಗಾ. ಇವಳು ಯಾವ ಮನೆತನದವಳು, ಎಲ್ಲಿ ಹುಟ್ಟಿದಳು, ಏನೂ ಬರೆದಿಲ್ಲ. ಆದರೆ ಈ ಹೆಸರನ್ನು ಅವಳ ತಾಯಿ ಅಂಗಳದಲ್ಲಿ ನಿಂತು ಕೂಗಿರುತ್ತಾಳೆ.

ಆ ಹೊತ್ತಿಗೆ ಬೇರೆ ಯಾರೂ ಇರಲಿಲ್ಲ. ಕಿಟಕಿಯಾಚೆ ಎಲೆ ಉದುರುವ ಸದ್ದು ಇತ್ತು. ಮೈಕ್ ನಿಲ್ಲಿಸಿದೆ. ಮೊದಲು ಒಂದು ನಿಮಿಷ ರೂಮ್ ಟೋನ್. ನಾಲ್ಕೂ ಜನ ಉಸಿರು ಬಿಗಿಹಿಡಿದು ನಿಂತೆವು. ನಿಮಿಷ ಮುಗಿದ ಮೇಲೂ ನಾನು ರೆಕಾರ್ಡರ್ ನಿಲ್ಲಿಸಲಿಲ್ಲ. ನಿರ್ದೇಶಕಿಯ ಕಡೆ ನೋಡಿ ತಲೆ ಆಡಿಸಿದೆ. ಅವರಿಗೆ ಅರ್ಥವಾಯಿತು. ಚಿತ್ರದ ಮುಂದೆ ಎರಡು ಹೆಜ್ಜೆ ಹೋಗಿ, ಊಟಕ್ಕೆ ಮಗಳನ್ನು ಕರೆಯುವ ಹಾಗೆ ಕರೆದರು.

"ಅಲಿಬೆರ್ಗಾ!"

ಗೋಡೆ ಒಂದು ಸಲ ಅದನ್ನು ವಾಪಸ್ ಹೇಳಿತು. ಹೆಡ್‌ಫೋನಿನಲ್ಲಿ ಅದು ಪೂರ್ತಿ ಆರುವವರೆಗೆ ಕಾದು, ನಿಲ್ಲಿಸಿದೆ.